ಏಳು ಹಾಳೆ ಹೆಚ್ಚು

ಮಂಗಳವಾರ ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ ಪುಸ್ತಕದ ಬೈಂಡರ್ ಠಾಣೆಗೆ ಬಂದು, ತನ್ನ ಮಗಳನ್ನು ಒಂದು ಕ್ರೇನ್ ಅಪಹರಿಸಿದೆ ಎಂದು ದೂರು ಕೊಟ್ಟ.

ಠಾಣೆಯ ರೈಟರ್ ಇಪ್ಪತ್ತಾರು ವರ್ಷದಿಂದ ದೂರು ಬರೆದುಕೊಳ್ಳುತ್ತಿದ್ದ ಮನುಷ್ಯ. ಅವನು ತಲೆ ಎತ್ತಲಿಲ್ಲ. ದೂರಿನ ನಮೂನೆಯಲ್ಲಿ ಆರೋಪಿಯ ಚಹರೆಗೆ ಒಂದು ಕಾಲಂ ಇದೆ. ಅದನ್ನು ಖಾಲಿ ಬಿಟ್ಟರೆ ಮೇಲಿನ ಕಚೇರಿಯವರು ವಾಪಸು ಕಳಿಸುತ್ತಾರೆ.

"ಎತ್ತರ?"

"ಎಂಬತ್ತು ಅಡಿ."

"ಬಣ್ಣ?"

"ಹಳದಿ."

"ಸದ್ಯ ಎಲ್ಲಿದೆ?"

"ಬಂದರಲ್ಲಿ. ಇಲ್ಲಿಂದ ಬಸ್ಸಲ್ಲಿ ಹನ್ನೊಂದು ಗಂಟೆ ದಾರಿ."

"ಗುರುತಿನ ಮಚ್ಚೆ?"

ಬೈಂಡರ್ ಯೋಚಿಸಿದ. "ತುದೀಲಿ ಕೊಕ್ಕೆ ಇದೆ."

ರೈಟರ್ ಅದನ್ನೂ ಬರೆದುಕೊಂಡು ಇನ್‌ಸ್ಪೆಕ್ಟರ್ ಮೇಜಿನ ಮೇಲಿಟ್ಟ. ಇನ್‌ಸ್ಪೆಕ್ಟರಿಗೆ ಐವತ್ತೊಂದು ವರ್ಷ. ಹದಿನೇಳು ಕೊಲೆ, ಒಂದು ಬ್ಯಾಂಕ್ ದರೋಡೆ ಪತ್ತೆ ಮಾಡಿದವರು. ಅವರ ತಾಯಿ ದಿನಕ್ಕೆ ಮೂರು ಸಲ ಫೋನ್ ಮಾಡಿ ನೀರು ಕುಡಿದೆಯಾ ಎಂದು ಕೇಳುತ್ತಾರೆ. ದೂರು ಓದುವಾಗಲೂ ಫೋನ್ ಬಂತು.

"ಹೂಂ ಅಮ್ಮ, ಕುಡಿದೆ. ಹೂಂ, ಟೋಪಿ ಹಾಕ್ಕೊಂಡಿದೀನಿ," ಎಂದು ಹೇಳಿ, ಟೋಪಿ ಹುಡುಕಿ ಹಾಕಿಕೊಂಡು, ದೂರು ಮುಂದೆ ಓದಿದರು.

"ಮಗು ಅಂತ ಬರೆಸಿದ್ದೀರಿ. 'ನನ್ನ ಮಗು ನಿನ್ನೆ ಸಂಜೆಯಿಂದ ಮನೆಗೆ ಬಂದಿಲ್ಲ.' ವಯಸ್ಸೆಷ್ಟು ಮಗೂಗೆ?"

"ಇಪ್ಪತ್ನಾಲ್ಕು."

"ಇಪ್ಪತ್ನಾಲ್ಕು ತಿಂಗಳಾ?"

"ವರ್ಷ ಸಾರ್. ಆದ್ರೆ ಏನೂ ಗೊತ್ತಾಗಲ್ಲ ಅದಕ್ಕೆ. ಕ್ರೇನ್ ಓಡಿಸ್ತೀನಿ ಅಂತದೆ. ಎಂಬತ್ತು ಅಡಿ ಮೇಲೆ ಒಂದು ಗಾಜಿನ ಗೂಡು, ಅದರೊಳಗೆ ಒಬ್ಬಳೇ ಕೂತು ಹಡಗಿಂದ ಪೆಟ್ಟಿಗೆ ಎತ್ತೋದಂತೆ. ನಾವು ಮೂರು ತಲೆಮಾರಿಂದ ಮೇಜಿನ ಮುಂದೆ ಕೂತು ಪುಸ್ತಕ ಹೊಲಿದೋರು. ನಮ್ಮಲ್ಲಿ ಯಾರೂ ಮಾಳಿಗೆ ಮನೇಲೂ ಇದ್ದೋರಲ್ಲ."

ಒಂಬತ್ತು ಮೂವತ್ತೈದಕ್ಕೆ ಅಪಹೃತಳಾದ ಮಗು ತಾನಾಗಿಯೇ ನಡೆದುಕೊಂಡು ಠಾಣೆಯೊಳಗೆ ಬಂದಳು. ಹೆಗಲಿಗೆ ಚೀಲ, ಕಾಲಿಗೆ ದಪ್ಪ ಅಟ್ಟೆಯ ಬೂಟು.

"ನಾನು ಕಾಣೆಯಾಗಿಲ್ಲ ಸಾರ್. ನನ್ನ ಕಾಗದ ಕಾಣೆಯಾಗಿವೆ. ದೂರು ಕೊಡೋಕೆ ಬಂದೆ."

"ಕೂತ್ಕೊಳ್ಳಮ್ಮ. ರಾತ್ರಿ ಎಲ್ಲಿದ್ದೆ?"

"ಗೆಳತಿ ಮನೇಲಿ. ಅಮ್ಮನಿಗೆ ಹೇಳೇ ಹೋಗಿದ್ದು."

ಬೈಂಡರ್ ಗೋಡೆಯ ಕಡೆ ನೋಡಿದ.

ಅವಳ ದೂರು ಹೀಗಿತ್ತು. ಬಂದರಿನ ತರಬೇತಿ ಶಾಲೆಗೆ ಆಯ್ಕೆಯಾಗಿದ್ದಾಳೆ. ನಾಳೆ ಬೆಳಿಗ್ಗೆ ಒಂಬತ್ತಕ್ಕೆ ಮೂಲ ದಾಖಲೆಗಳೊಂದಿಗೆ ಹಾಜರಾಗಬೇಕು. ಇಲ್ಲದಿದ್ದರೆ ಜಾಗ ಪಟ್ಟಿಯಲ್ಲಿರುವ ಮುಂದಿನವರಿಗೆ. ಬಸ್ಸು ಇವತ್ತು ಸಂಜೆ ನಾಲ್ಕೂವರೆಗೆ. ಜನನ ಪತ್ರ, ಅಂಕಪಟ್ಟಿಗಳು, ಲೈಸೆನ್ಸು ಸೇರಿ ಒಟ್ಟು ಏಳು ಕಾಗದ. ಭಾನುವಾರ ಮಲಗುವ ಮೊದಲು ಬೀರುವಿನಲ್ಲಿ ನೋಡಿದ್ದಳು. ಸೋಮವಾರ ಬೆಳಿಗ್ಗೆ ಎಂಟಕ್ಕೆ ಕಣ್ಣಿನ ಪರೀಕ್ಷೆಗೆ ಹೋಗಿ ಸಂಜೆ ಆರಕ್ಕೆ ಬಂದಾಗ ಏಳೂ ಇರಲಿಲ್ಲ. ನಕಲು ಪ್ರತಿಗೆ ಅರ್ಜಿ ಹಾಕಿದರೆ ಮೂರು ತಿಂಗಳು.

"ಯಾರ ಮೇಲಾದ್ರೂ ಅನುಮಾನ?"

ಮಗಳು ಪಕ್ಕದ ಕುರ್ಚಿ ನೋಡಿದಳು. ಪಕ್ಕದ ಕುರ್ಚಿ ಸೀಲಿಂಗ್ ಫ್ಯಾನ್ ನೋಡಿತು.

ಇನ್‌ಸ್ಪೆಕ್ಟರ್ ಮೊದಲನೆಯ ದೂರಿನ ಹಿಂದೆ ಹಿಂಬರಹ ಬರೆದರು: ಯುವತಿ ವಯಸ್ಕಳು, ಸ್ವಇಚ್ಛೆಯಿಂದ ಇದ್ದಾಳೆ, ಕ್ರೇನಿನ ಮೇಲೆ ಯಾವುದೇ ಕ್ರಮದ ಅಗತ್ಯ ಕಂಡುಬಂದಿಲ್ಲ. ಅದನ್ನು ಬೈಂಡರ್ ಕೈಗೆ ಕೊಟ್ಟರು.

"ನೋಡಿ, ಹದಿನೆಂಟು ದಾಟಿದ್ಮೇಲೆ ಎಲ್ಲಿರ್ಬೇಕು, ಏನ್ ಕೆಲಸ ಮಾಡ್ಬೇಕು, ಎಷ್ಟು ಎತ್ತರದಲ್ಲಿ ಕೂರ್ಬೇಕು, ಎಲ್ಲಾ ಅವರಿಷ್ಟ. ಬೇಜಾರು ಮಾಡ್ಕೊಳ್ಳೋ ಹಕ್ಕು ನಿಮಗಿದೆ. ಅದನ್ನ ಯಾರೂ ಕಿತ್ಕೊಳ್ಳಲ್ಲ. ತಡೆಯೋ ಹಕ್ಕು ಮಾತ್ರ ಇಲ್ಲ."

"ಹೆತ್ತೋನಿಗೆ ಇಲ್ವಾ?"

"ಹೆತ್ತೋಳಿಗೂ ಇಲ್ಲ," ಎಂದರು ಇನ್‌ಸ್ಪೆಕ್ಟರ್. ಫೋನು ಮತ್ತೆ ಹೊಡೆದುಕೊಂಡಿತು. ಅವರು ಅದನ್ನು ಫೈಲಿನ ಕೆಳಗೆ ತಳ್ಳಿದರು.

ಎರಡನೆಯ ದೂರಿನ ಮೇಲೆ ಹತ್ತು ಇಪ್ಪತ್ತಕ್ಕೆ ಕಳವಿನ ಎಫ್‌ಐಆರ್ ದಾಖಲಾಯಿತು.

ಹತ್ತು ಐವತ್ತಕ್ಕೆ ಬೈಂಡರನ ಮನೆಯಲ್ಲಿ ಸ್ಥಳ ಪಂಚನಾಮೆ. ಪಂಚರಾಗಿ ಬೀದಿಯ ಗಡಿಯಾರ ರಿಪೇರಿಯವನೂ ಚಹಾ ಅಂಗಡಿಯವನೂ ಬಂದರು. ಮುಂದೆ ಅಂಗಡಿ, ಹಿಂದೆ ಮನೆ. ಅಂಗಡಿಯಲ್ಲಿ ಕತ್ತರಿಸುವ ಯಂತ್ರ, ರಟ್ಟಿನ ರಾಶಿ, ಹುಳ ಹಿಡಿಯದಂತೆ ಮೈಲುತುತ್ತ ಬೆರೆಸಿದ ಮೈದಾ ಅಂಟಿನ ಪಾತ್ರೆ. ನಡುವೆ ಎದೆಮಟ್ಟದ ಮರದ ಒತ್ತುಚೌಕಟ್ಟು. ದಪ್ಪ ರಿಜಿಸ್ಟರನ್ನು ಅದರಲ್ಲಿ ನಿಲ್ಲಿಸಿ ಬಿಗಿದು, ಈಚೆ ಒಬ್ಬರು ಆಚೆ ಒಬ್ಬರು ಕೂತು ದಬ್ಬಣದಲ್ಲಿ ಹೊಲಿಯುತ್ತಾರೆ. ಎರಡು ಕಡೆಗೂ ಒಂದೊಂದು ಸ್ಟೂಲು.

ಜೊತೆಗೆ ಬಂದಿದ್ದ ಮಹಿಳಾ ಕಾನ್‌ಸ್ಟೇಬಲ್‌ಳನ್ನು ಠಾಣೆಯವರು ರೂಲುಪಟ್ಟಿ ಎಂದು ಕರೆಯುತ್ತಾರೆ. ಪಂಚನಾಮೆ ಎಂದರೆ ಅವಳು ಗೋಡೆ, ಬಾಗಿಲು, ಬಾಗಿಲಲ್ಲಿ ನಿಂತ ಬೆಕ್ಕು ಎಲ್ಲವನ್ನೂ ಅಳೆಯುತ್ತಾಳೆ. ಅವಳು ಅಳೆಯುವಷ್ಟರಲ್ಲಿ ಇನ್‌ಸ್ಪೆಕ್ಟರ್ ಅಡುಗೆಮನೆಯ ಬಾಗಿಲಲ್ಲಿ ಹುಡುಗಿಯ ತಾಯಿಯನ್ನು ವಿಚಾರಿಸಿದರು.

"ನಿನ್ನೆ ಮನೆಗೆ ಹೊರಗಿನವರು ಬಂದಿದ್ರಾ?"

"ಇಲ್ಲ."

"ಬೀರು ತೆಗೆದಿದ್ದು ನೋಡಿದ್ರಾ?"

"ಇಲ್ಲ."

"ಯಜಮಾನ್ರ ನಡವಳಿಕೇಲಿ ಏನಾದ್ರೂ ವ್ಯತ್ಯಾಸ?"

ತಾಯಿ ಸೌಟು ಕೆಳಗಿಟ್ಟಳು. "ಮಧ್ಯಾಹ್ನ ಊಟಕ್ಕೆ ಬರುವಾಗ ಹಾಡು ಗುನುಗ್ತಿದ್ರು. ಇಪ್ಪತ್ತೇಳು ವರ್ಷದಲ್ಲಿ ಎರಡನೇ ಸಲ."

"ಮೊದಲನೇ ಸಲ ಯಾವಾಗ?"

"ನಮ್ಮಮ್ಮ ಬಂದು ಎರಡು ತಿಂಗಳಿದ್ದು ವಾಪಸ್ ಹೊರಟಾಗ."

ಇನ್‌ಸ್ಪೆಕ್ಟರ್ ಅದನ್ನು ಬರೆದುಕೊಂಡು ಅಂಗಡಿಗೆ ಬಂದರು. ಬೈಂಡರ್ ತನ್ನ ಸ್ಟೂಲಿನ ಮೇಲೆ ಕೂತಿದ್ದ.

"ಕಾಗದ ನೀವು ತಗೊಂಡ್ರಾ?"

"ನನ್ನ ಮನೇಲಿಲ್ಲ ಸಾರ್."

"ನಾನು ಕೇಳಿದ್ದು ಅದಲ್ಲ."

"ನನ್ನ ಅಂಗಡೀಲೂ ಇಲ್ಲ. ಹುಡುಕ್ಕೊಳ್ಳಿ."

"ಸುಟ್ಟುಬಿಟ್ರಾ?"

ಬೈಂಡರ್ ಎದ್ದು ನಿಂತ. ಮುಖ ಕೆಂಪಾಗಿತ್ತು. "ಕಾಗದಾನ? ನಾನಾ? ಏನ್ ಮಾತು ಅಂತ ಆಡ್ತೀರಿ ಸಾರ್! ಪಂಚರ ಎದುರಿಗೆ!"

ಗಡಿಯಾರದವನು, "ಅದು ಸ್ವಲ್ಪ ಹೆಚ್ಚಾಯ್ತು ಸಾರ್," ಎಂದ. ಇನ್‌ಸ್ಪೆಕ್ಟರ್ ಕ್ಷಮೆ ಕೇಳಿದರು. ಏಳು ಕಾಗದವೂ ಎಲ್ಲೋ ಹಸನಾಗಿಯೇ ಇವೆ ಎಂಬುದು ಅವರಿಗೆ ಖಾತ್ರಿಯಾಯಿತು.

ಮನೆಯಲ್ಲಿ ಹುಡುಕಿದರು, ಸಿಗಲಿಲ್ಲ. ಅಂಗಡಿಯಲ್ಲಿ ಹುಡುಕಿದರು, ಸಿಗಲಿಲ್ಲ. ಹನ್ನೊಂದು ನಲವತ್ತಕ್ಕೆ ರೂಲುಪಟ್ಟಿ ಕತ್ತರಿಸುವ ಯಂತ್ರದ ಕೆಳಗಿನ ಗೋಣಿಚೀಲಕ್ಕೆ ಕೈ ಹಾಕಿ ಒಂದು ಹಿಡಿ ಕಾಗದದ ಪಟ್ಟಿಗಳನ್ನು ತೆಗೆದಳು.

"ಸಾರ್, ಇದು ತೆಳು ಕಾಗದ. ಏಳು ಪಟ್ಟಿ, ಏಳೂ ಒಂದೇ ಅಳತೆ. ಇಡೀ ಹಾಳೆಯಿಂದ ಇಷ್ಟು ಕಳೆದ್ರೆ ಉಳಿಯೋದು..." ಅವಳು ನೆಲದ ಮೇಲೆ ಹಾಳೆ ಹಾಸಿ ಅಳೆದು, ಉಳಿದದ್ದನ್ನು ನಡುವೆ ಮಡಿಸಿದಳು. "ಒಂದು ಅಂಕಪಟ್ಟಿ ಒಳಗೆ ಕೂರೋ ಲಕೋಟೆ. ಸುತ್ತಲೂ ಅರ್ಧರ್ಧ ಅಂಗುಲ ಜಾಗ ಬಿಟ್ಟು."

ಬೈಂಡರ್ ಅವಳನ್ನು ಹೊಸದಾಗಿ ನೋಡಿದ. "ನಿಮಗೆ ಯಾರಮ್ಮ ಕಲಿಸಿದ್ದು?" ಎಂದ, ಕಳ್ಳನಿಗೆ ಬರಬಾರದಷ್ಟು ಆಸೆಯಿಂದ.

ಅಂದರೆ ಕಾಗದಗಳು ಲಕೋಟೆಯೊಳಗೆ ಹೋಗಿವೆ, ಲಕೋಟೆಗಳು ಯಾವುದೋ ಪುಸ್ತಕದೊಳಗೆ ಹೋಗಿವೆ, ಪುಸ್ತಕ ಅಂಗಡಿಯಿಂದಲೇ ಹೊರಗೆ ಹೋಗಿದೆ. ಇನ್‌ಸ್ಪೆಕ್ಟರ್ ಮಗಳನ್ನು ಕರೆದರು.

"ನಿನ್ನೆ ಹೊಲಿದಿದ್ದು ಏನೇನು?"

"ನಾನಿರ್ಲಿಲ್ಲ ಸಾರ್. ಅಪ್ಪ ಒಬ್ಬರೇ ಹೊಲಿದಿದ್ದು. ಗೋಡೇಲಿ ಚೀಟಿ ಚುಚ್ಚಿರ್ತಾರೆ ನೋಡಿ."

ಗೋಡೆಯ ಮೊಳೆಯಲ್ಲಿ ಸೋಮವಾರ ತಲುಪಿಸಿದ ಕೆಲಸದ ಚೀಟಿ ಮೂರಿದ್ದವು. ಶಾಲೆಯ ಎರಡು ಅಟ್ಲಾಸು. ಹಲ್ಲಿನ ಡಾಕ್ಟರ ಪತ್ರಿಕೆಗಳ ಸಂಪುಟ ಒಂದು. ಮೂರನೆಯ ಚೀಟಿ ಮೈಲುತುತ್ತದ ನೀರು ಬಿದ್ದು ನೀಲಿಯಾಗಿ, 'ರಿಜಿಸ್ಟರು, ಮೂರು' ಎನ್ನುವಷ್ಟು ಮಾತ್ರ ಉಳಿದಿತ್ತು.

"ಇದು ಯಾರದು?"

"ನೆನಪಿಲ್ಲ ಸಾರ್," ಎಂದ ಬೈಂಡರ್. ಆ ದಿನ ಅವನು ಹೇಳಿದ ಏಕೈಕ ಸುಳ್ಳು ಅದು. ಹೇಳುವಾಗ ಕಿವಿ ಅಲ್ಲಾಡಿದವು.

"ಒಂದೊಂದು ಪುಸ್ತಕದಲ್ಲಿ ನಾನೂರು ಹಾಳೆ," ಎಂದರು ಇನ್‌ಸ್ಪೆಕ್ಟರ್. "ಎಲ್ಲಾ ಮಗುಚಿ ನೋಡೋಕೆ ಬಸ್ಸು ಕಾಯತ್ತಾ?"

"ಮಗುಚೋದು ಬೇಡ ಸಾರ್," ಎಂದಳು ಮಗಳು. "ಅಪ್ಪ ಹೊಲಿದ್ಮೇಲೆ ಹಾಳೆ ಎಣಿಸಿ, ಹಿಂದಿನ ರಟ್ಟಿನ ಒಳಗೆ ಮೂಲೇಲಿ ಪೆನ್ಸಿಲಲ್ಲಿ ಬರೀತಾರೆ. ಗಿರಾಕಿ ನಾಳೆ ಬಂದು ಹಾಳೆ ಕಮ್ಮಿ ಅನ್ನಬಾರದು ಅಂತ. ಕೊಟ್ಟಾಗ ಎಷ್ಟಿತ್ತು ಅಂತ ಗಿರಾಕಿ ಹತ್ರ ಇರತ್ತೆ. ಎರಡೂ ಹೋಲಿಸಿದ್ರೆ ಆಯ್ತು."

"ಕದ್ದ ಮಾಲು ಇಟ್ಟವರು ಸರಿ ಲೆಕ್ಕ ಬರೀತಾರೇನಮ್ಮ?"

ಮಗಳು ತಂದೆಯನ್ನು ನೋಡಿದಳು. "ಬೇರೆಯವರು ಬರೀದೆ ಇರಬಹುದು."

ಬೈಂಡರ್ ಕಣ್ಣು ಮುಚ್ಚಿಕೊಂಡ. ಕಳವು ಮಾಡುವಾಗ ಅವನು ಎಲ್ಲವನ್ನೂ ಯೋಚಿಸಿದ್ದ. ಪೆನ್ಸಿಲು ಅವನು ಯೋಚಿಸಿ ಮಾಡುವ ಕೆಲಸವಾಗಿರಲಿಲ್ಲ.

ಹನ್ನೆರಡೂವರೆಗೆ ಶಾಲೆ. ಮುಖ್ಯೋಪಾಧ್ಯಾಯಿನಿ ಅಟ್ಲಾಸು ತಂದು, ಪೊಲೀಸರು ಯಾಕೆ ಎಂದು ಕೇಳಿದರು. ರೂಲುಪಟ್ಟಿ, "ಹಾಳೆ ಹೆಚ್ಚಾಗಿವೆಯಾ ನೋಡಬೇಕು," ಎಂದಳು. ಎರಡರಲ್ಲೂ ಲೆಕ್ಕ ಸರಿಯಾಗಿತ್ತು. ಒಂದು ಇಪ್ಪತ್ತಕ್ಕೆ ಹಲ್ಲಿನ ಡಾಕ್ಟರು. ಕುರ್ಚಿಯಲ್ಲಿದ್ದ ರೋಗಿ ಬಾಯಿ ತೆರೆದುಕೊಂಡೇ ಇಡೀ ತನಿಖೆಯನ್ನು ನೋಡಿದ. ಲೆಕ್ಕ ಅಲ್ಲೂ ಸರಿ.

ಎರಡು ಗಂಟೆಗೆ ಎಲ್ಲರೂ ಬರಿಗೈಯಲ್ಲಿ ಠಾಣೆಗೆ ಮರಳಿದರು. ಮಗಳು ಬೆಂಚಿನ ಮೇಲೆ ಕೂತು ಚೀಲವನ್ನು ಮಡಿಲಲ್ಲಿಟ್ಟುಕೊಂಡಳು. ಬೆಳಿಗ್ಗೆಯಿಂದ ಮೊದಲ ಸಲ ಅವಳ ಬೂಟುಗಳು ಸುಮ್ಮನಿದ್ದವು.

"ಮುಂದಿನ ಬ್ಯಾಚ್ ಯಾವಾಗಮ್ಮ?" ಎಂದಳು ರೂಲುಪಟ್ಟಿ.

"ಎರಡು ವರ್ಷ ಆದ್ಮೇಲೆ. ವಯಸ್ಸಿನ ಮಿತಿ ಇಪ್ಪತ್ತೈದು."

ಎದುರಿನ ಬೆಂಚಿನಲ್ಲಿದ್ದ ಬೈಂಡರಿಗೆ ಈ ವಯಸ್ಸಿನ ಮಿತಿ ಗೊತ್ತಿರಲಿಲ್ಲ. ಅವನು ಏನೋ ಹೇಳಲು ಬಾಯಿ ತೆರೆದ. ಆಗಲೇ ರೈಟರ್ ಚಹಾ ಲೋಟ ಹಿಡಿದು ಬಂದು, ವಾತಾವರಣ ತಿಳಿಮಾಡುವ ಒಳ್ಳೆಯ ಉದ್ದೇಶದಿಂದ ಹೇಳಿದ:

"ಏನೇ ಅನ್ನಿ ಸಾರ್, ಬೈಂಡರ್ರ ಕೈಯಂಥ ಕೈ ಇಲ್ಲ. ನಮ್ಮ ಹಳೇ ಡೈರಿ ರಿಜಿಸ್ಟರು ನಿನ್ನೆ ನಾಲ್ಕು ಗಂಟೆಗೆ ತಂದುಕೊಟ್ರು. ಮೂರೂ ಹೊಸ ಮದುಮಗನ ಥರ ಕಾಣ್ತವೆ!"

ಇನ್‌ಸ್ಪೆಕ್ಟರ್ ಜೇಬಿನಿಂದ ನೀಲಿಯಾದ ಚೀಟಿ ತೆಗೆದು ಮೇಜಿನ ಮೇಲಿಟ್ಟರು.

"ಎಷ್ಟು ರಿಜಿಸ್ಟರು?" ಎಂದರು ಇನ್‌ಸ್ಪೆಕ್ಟರ್.

"ಮೂರು."

"ಪಡೆದುಕೊಂಡಿದ್ದು?"

"ನಾನೇ. ಸಹಿ ಹಾಕಿದೀನಿ." ರೈಟರ್ ದಾಖಲೆ ಕೋಣೆಯ ಬಾಗಿಲ ಕಡೆ ತಿರುಗಿದ. "ಸಾರ್... ನಮ್ಮ ಠಾಣೇನ ನಾವೇ ಶೋಧನೆ ಮಾಡೋದಾ?"

ಮಾಡಿದರು. ಎರಡು ಹದಿನೈದಕ್ಕೆ ಪಂಚರನ್ನು ಮತ್ತೆ ಕರೆಸಿದರು. ಠಾಣೆಯ ಶೋಧನೆಗೆ ಠಾಣಾಧಿಕಾರಿಯ ಒಪ್ಪಿಗೆ ಪಡೆಯಲಾಯಿತು. ಕೇಳಿದವರೂ ಕೊಟ್ಟವರೂ ಒಬ್ಬರೇ ಆದ್ದರಿಂದ ಅದಕ್ಕೆ ಹೆಚ್ಚು ಹೊತ್ತು ಹಿಡಿಯಲಿಲ್ಲ. ದಾಖಲೆ ಕೋಣೆಯ ಬೀಗಕ್ಕೆ ಎಣ್ಣೆ ಬಿಡಬೇಕಾಯಿತು. ಅಲ್ಲಿಗೆ ಒಮ್ಮೆ ಹೋದ ರಿಜಿಸ್ಟರನ್ನು ಯಾರೂ ಯಾವತ್ತೂ ತೆರೆಯುವುದಿಲ್ಲ ಎಂಬುದು ಠಾಣೆಯವರಿಗಷ್ಟೇ ಗೊತ್ತು ಎಂದು ಠಾಣೆಯವರು ತಿಳಿದಿದ್ದರು.

ರೈಟರ್ ರವಾನೆ ಪುಸ್ತಕ ಓದಿದ. ರೂಲುಪಟ್ಟಿ ಹಿಂದಿನ ರಟ್ಟು ತೆರೆದು ಪೆನ್ಸಿಲು ಓದಿದಳು.

"ಒಂದನೇದು, ಕಳಿಸಿದ್ದು ಮುನ್ನೂರ ಎಂಬತ್ತಾರು."

"ಬಂದಿದ್ದು ಮುನ್ನೂರ ಎಂಬತ್ತಾರು."

"ಎರಡನೇದು, ಕಳಿಸಿದ್ದು ನಾನೂರ ಹನ್ನೆರಡು."

ರೂಲುಪಟ್ಟಿ ರಟ್ಟನ್ನು ಬೆಳಕಿಗೆ ಹಿಡಿದಳು. "ಬಂದಿದ್ದು ನಾನೂರ ಹತ್ತೊಂಬತ್ತು ಸಾರ್."

ಏಳು ಹಾಳೆ ಹೆಚ್ಚು. ಮುದ್ದಾದ ಅಕ್ಷರ, ಕೆಳಗೊಂದು ಗೆರೆ ಬೇರೆ.

ಲಕೋಟೆಗಳು ಐವತ್ತೈವತ್ತು ಹಾಳೆಗೆ ಒಂದರಂತೆ ಸಮನಾಗಿ ಹಂಚಿಕೊಂಡು ಕೂತಿದ್ದವು, ಬೆನ್ನು ಉಬ್ಬದ ಹಾಗೆ. ದಬ್ಬಣ ಚುಚ್ಚಿದ್ದು ಲಕೋಟೆಯ ಅಂಚಿಗೆ ಮಾತ್ರ. ಒಳಗಿನ ಕಾಗದಕ್ಕೆ ಒಂದು ಚುಕ್ಕೆಯಷ್ಟೂ ತಾಗಿರಲಿಲ್ಲ. ರೈಟರ್ ಬೆರಳು ಹಾಕಿ ಒಂದನ್ನು ಹರಿಯಲು ಹೋದ. ತಂದೆ ಮಗಳು ಇಬ್ಬರೂ ಒಟ್ಟಿಗೆ ಕೂಗಿದರು.

"ಏಯ್, ಬಿಡ್ರೀ!"

ಮಗಳು ಚೀಲದಿಂದ ಚಪ್ಪಟೆ ಕತ್ತಿ ತೆಗೆದು ಮೇಜಿಗೆ ಬಂದಳು.

"ಮೊದಲು ಒದ್ದೆ ಬಟ್ಟೆ ಒತ್ತು," ಎಂದ ಬೈಂಡರ್. "ಅಂಟು ಮೆತ್ತಗಾಗ್ಲಿ."

"ಗೊತ್ತು ಅಪ್ಪ."

"ಕೆಳಗಿನಿಂದ ಮೇಲಕ್ಕೆ ಬಾ."

"ಗೊತ್ತು ಅಂದ್ನಲ್ಲ. ನೀವು ಆರೋಪಿ, ಸುಮ್ನೆ ಕೂತ್ಕೊಳ್ಳಿ."

"ಕೈ ಓರೆ ಹಿಡೀಬೇಡ ಮತ್ತೆ!"

ಏಳು ಕಾಗದ ಒಂದೊಂದಾಗಿ ಹೊರಗೆ ಬಂದವು. ಐದನೆಯದನ್ನು ಎತ್ತಿ ಅವಳು ತಿರುಗಿಸಿ ನೋಡಿದಳು. ಹತ್ತನೇ ತರಗತಿಯ ಅಂಕಪಟ್ಟಿಯ ಮೂಲೆ ಆರು ವರ್ಷದಿಂದ ಹರಿದಿತ್ತು. ಈಗ ಹರಿದ ಗುರುತೇ ಇರಲಿಲ್ಲ.

"ಇದನ್ನ ಯಾವಾಗ ಸರಿ ಮಾಡಿದ್ರಿ?"

"ಕೈಗೆ ಸಿಕ್ಕಿತ್ತಲ್ಲ," ಎಂದ ಬೈಂಡರ್. "ಹಾಗೇ ಒಳಗೆ ಹಾಕೋಕೆ ಮನಸ್ಸು ಬರ್ಲಿಲ್ಲ."

ಜಪ್ತಿ ಪಂಚನಾಮೆ ಎರಡು ಐವತ್ತು. ದಸ್ತಗಿರಿ ಮೂರು ಗಂಟೆ ಐದು ನಿಮಿಷ. ದಾಖಲೆಗಳನ್ನು ಛಾಯಾಪ್ರತಿ ತೆಗೆದುಕೊಂಡು, ಬೇಕಾದಾಗ ಹಾಜರುಪಡಿಸುವ ಷರತ್ತಿನ ಮೇಲೆ ಮೂರು ಇಪ್ಪತ್ತಕ್ಕೆ ದೂರುದಾರಳಿಗೆ ಒಪ್ಪಿಸಲಾಯಿತು.

ಠಾಣೆಯಲ್ಲೇ ಜಾಮೀನು ಕೊಡಬಹುದಾದ ಪ್ರಕರಣ. ಜಾಮೀನುದಾರರು ಬೇಕು. ಪಂಚರು ನಿಲ್ಲುವ ಹಾಗಿಲ್ಲ. ಮನೆಗೆ ಫೋನು ಹೋಯಿತು.

"ಇರ್ಲಿ ಬಿಡಿ, ಒಂದೆರಡು ದಿನ ಅಲ್ಲೇ," ಎಂದಳು ಬೈಂಡರನ ಹೆಂಡತಿ. "ನಾನು ಬಸ್ ಸ್ಟ್ಯಾಂಡಿಗೆ ಬುತ್ತಿ ತಗೊಂಡು ಹೊರಟೆ. ಅವಳನ್ನ ಬೇಗ ಕಳಿಸಿ."

"ನಾನು ನಿಲ್ತೀನಿ ಸಾರ್," ಎಂದಳು ಮಗಳು.

ರೈಟರ್ ನಮೂನೆ ತುಂಬಿ ಬೈಂಡರನ ಮುಂದಿಟ್ಟು, ನಿಯಮದಂತೆ ಜೋರಾಗಿ ಓದಿದ: "ಸದರಿ ಜಾಮೀನುದಾರರು ಹದಿನೆಂಟು ವರ್ಷ ಮೀರಿದವರು, ಸ್ವಸ್ಥ ಬುದ್ಧಿಯುಳ್ಳವರು, ತಮ್ಮ ವಿಷಯದಲ್ಲಿ ತಾವೇ ತೀರ್ಮಾನ ತೆಗೆದುಕೊಳ್ಳಲು ಸಮರ್ಥರು ಎಂದು ಆರೋಪಿಯಾದ ನಾನು ಒಪ್ಪುತ್ತೇನೆ. ಇಲ್ಲಿ ಸಹಿ."

ಬೈಂಡರ್ ಪೆನ್ನು ಹಿಡಿದು ಕೂತ.

"ಒಪ್ಪದಿದ್ರೆ?"

"ಲಾಕಪ್ ಒಳಗೆ," ಎಂದರು ಇನ್‌ಸ್ಪೆಕ್ಟರ್. "ಚಾಪೆ ಹೊಸದು ಇದೆ."

"ಹಾಕಿ ಅಪ್ಪ, ಬಸ್ ಹೋಗತ್ತೆ," ಎಂದಳು ಮಗಳು. ಆಮೇಲೆ ಧ್ವನಿ ತಗ್ಗಿಸಿ, "ನೀವು ಹಾಕದಿದ್ರೆ ನಿಮ್ಮನ್ನ ಇಲ್ಲಿ ಬಿಟ್ಟು ಹೋಗ್ಬೇಕಾಗತ್ತೆ. ಹೋಗೋದಂತೂ ಹೋಗ್ತೀನಿ," ಎಂದಳು.

ಬೈಂಡರ್ ನಮೂನೆಯನ್ನು ತಿರುಗಿಸಿ ಹಿಂದೆ ನೋಡಿದ, ಕಾಗದದ ದಪ್ಪವನ್ನು ಬೆರಳಲ್ಲಿ ಉಜ್ಜಿ ನೋಡಿದ. ಕಳಪೆ ಕಾಗದ ಎಂದ. ಮೂರು ನಲವತ್ತೆರಡಕ್ಕೆ ಸಹಿ ಹಾಕಿದ. ಇಪ್ಪತ್ನಾಲ್ಕು ವರ್ಷದಲ್ಲಿ ಅವನು ಒಪ್ಪದ ಮಾತನ್ನು ಸರ್ಕಾರ ಒಂದೇ ಹಾಳೆಯಲ್ಲಿ ಒಪ್ಪಿಸಿತ್ತು. ಮಗಳು ಅದರ ಕೆಳಗೆ ತನ್ನ ಸಹಿ ಹಾಕಿದಳು. ಇಬ್ಬರ ಅಕ್ಷರವೂ ಒಂದೇ ಥರ ಇತ್ತು.

"ಮೇಲೆ ಗಾಳಿ ಇರತ್ತೆ," ಎಂದ ಬೈಂಡರ್. "ಕಿವಿ ಮುಚ್ಕೋ."

"ಗಾಜಿನ ಗೂಡು ಅಪ್ಪ. ಗಾಳಿ ಬರಲ್ಲ."

"ಆದ್ರೂ."

ರೂಲುಪಟ್ಟಿ ಅವಳನ್ನು ಜೀಪಿನಲ್ಲಿ ಬಸ್ ಸ್ಟ್ಯಾಂಡಿಗೆ ಬಿಟ್ಟು ಬಂದಳು. ಬಸ್ಸು ನಾಲ್ಕು ಮೂವತ್ತಕ್ಕೆ ಸರಿಯಾಗಿ ಹೊರಟಿತು. ಠಾಣೆಯ ದಿನಚರಿಯಲ್ಲಿ ಅದೂ ನಮೂದಾಗಿದೆ, ಯಾಕೆ ಎಂದು ಯಾರೂ ಕೇಳಲಿಲ್ಲ.

ಜಾಮೀನು ಸಿಕ್ಕರೂ ಬೈಂಡರ್ ಹೋಗಲಿಲ್ಲ. ಬೆಂಚಿನ ಮೇಲೇ ಕೂತಿದ್ದ. ಇನ್‌ಸ್ಪೆಕ್ಟರ್ ಎರಡು ಚಹಾ ತರಿಸಿ ಪಕ್ಕದಲ್ಲಿ ಕೂತರು.

"ಕ್ರೇನು ಬಿದ್ದುಹೋಗತ್ತೆ ಅಂತ ಹೆದರಿಕೇನಾ?"

"ಅವಳು ಬೀಳಲ್ಲ ಸಾರ್. ಅವಳ ಕೈ ನೋಡಿದೀರಲ್ಲ."

"ಮತ್ತೆ ಯಾಕ್ರೀ?"

ಬೈಂಡರ್ ಲೋಟದ ಅಂಚನ್ನು ಹೆಬ್ಬೆರಳಿನಲ್ಲಿ ಸವರಿದ. "ಅವಳಿಗೆ ಹನ್ನೆರಡು ವರ್ಷ ಆದಾಗಿಂದ ಚೌಕಟ್ಟಿನ ಆಚೆ ಸ್ಟೂಲು ಅವಳದು. ಶಾಲೆ ಬಿಟ್ಟು ಬಂದು ಕೂರೋಳು. ನಾನು ದಬ್ಬಣ ಆಚೆ ತಳ್ತೀನಿ, ಅವಳು ಈಚೆ ತಳ್ತಾಳೆ. ಮುಖ ಕಾಣಲ್ಲ, ನಡುವೆ ಪುಸ್ತಕ ಇರತ್ತೆ. ಬಾಯಿಗೆ ಬಂದಿದ್ದು ಮಾತಾಡ್ತಿದ್ವಿ, ಜಗಳ ಆಡ್ತಿದ್ವಿ. ನಿನ್ನೆ ಅವಳು ಕಣ್ಣಿನ ಪರೀಕ್ಷೆಗೆ ಹೋದ್ಲು. ಒಬ್ಬನೇ ಕೂತೆ. ದಬ್ಬಣ ಆಚೆ ತಳ್ಳಿದೆ. ಯಾರೂ ತಳ್ಳಲಿಲ್ಲ. ಎದ್ದು ಆಚೆ ಹೋಗಿ ಈಚೆ ತಳ್ಳಿದೆ, ಮತ್ತೆ ಈಚೆ ಬಂದು ಕೂತೆ. ಒಂದನೇ ರಿಜಿಸ್ಟರು ಮುಗಿಯೋವರೆಗೂ ಹಾಗೇ ಮಾಡಿದೆ. ಎರಡನೇದಕ್ಕೆ ಆಗ್ಲಿಲ್ಲ ಸಾರ್. ಹೋಗಿ ಬೀರು ತೆಗೆದೆ."

ಇನ್‌ಸ್ಪೆಕ್ಟರ್ ತಮ್ಮ ಚಹಾ ಮುಗಿಸಿದರು. ಮೇಜಿನ ಮೇಲೆ ಅವರ ಫೋನು ಹೊಡೆದುಕೊಂಡಿತು. ಈ ಸಲ ಅವರು ಎದ್ದು ಹೋಗಿ ತೆಗೆದುಕೊಂಡು, ಕಿಟಕಿಯ ಹತ್ತಿರ ನಿಂತು ಬಹಳ ಹೊತ್ತು ಮಾತಾಡಿದರು.

ಐದೂಕಾಲಿಗೆ ರೈಟರ್ ಕೇಸ್ ಡೈರಿ ಮುಗಿಸಿ ಸಹಿಗೆ ತಂದ. ಕೃತ್ಯಕ್ಕೆ ಕಾರಣ ಎಂಬ ಕಾಲಂನಲ್ಲಿ ಹೀಗಿತ್ತು: 'ಆರೋಪಿಯು ತಾನು ಇನ್ನು ಮುಂದೆ ಪ್ರತಿ ಹೊಲಿಗೆಗೂ ಎದ್ದು ಆಚೆ ಹೋಗಿ ಬರಬೇಕಾಗುತ್ತದೆ ಎಂಬ ಕಾರಣದಿಂದ ಸದರಿ ಕೃತ್ಯ ಎಸಗಿರುತ್ತಾನೆ.'

ಮೇಲಿನ ಕಚೇರಿಯವರು ಇದನ್ನು ವಾಪಸು ಕಳಿಸುತ್ತಾರೆ ಎಂದು ಇನ್‌ಸ್ಪೆಕ್ಟರಿಗೆ ಗೊತ್ತಿತ್ತು. ಹೊಡೆದುಹಾಕಲು ಪೆನ್ನು ತೆಗೆದರು, ಇನ್ನೊಮ್ಮೆ ಓದಿದರು, ಕೆಳಗೆ ಸಹಿ ಹಾಕಿದರು.